ಫಿಡೆಲ್ ರಾಮೋಸ್: ಲೆಕ್ಕ 1986ರಿಂದ ಶುರು ಮಾಡ್ಬೇಡಿ

ಫಿಲಿಪೈನ್ಸ್ ಅಂದ್ರೆ ನಮ್ಮಲ್ಲಿ ಬಹಳ ಜನಕ್ಕೆ ನೆನಪಾಗೋದು ಸರ್ವಾಧಿಕಾರಿ ಮಾರ್ಕೋಸ್, ಹೆಂಡತಿ ಇಮೆಲ್ಡಾ, ಆಕೆಯ ಆ ಚಪ್ಪಲಿ ರಾಶಿ. ಸ್ವಲ್ಪ ಜಾಸ್ತಿ ಓದಿರೋರಿಗೆ ಮನಿಲಾದ ಎಡ್ಸಾ ರಸ್ತೇಲಿ ಜನ ಸೇರಿ ನಾಲ್ಕೇ ದಿನದಲ್ಲಿ ಮಾರ್ಕೋಸ್‌ನ ಇಳಿಸಿದ 1986ರ ಎಡ್ಸಾ ಕ್ರಾಂತಿ ಗೊತ್ತಿರುತ್ತೆ, ಟ್ಯಾಂಕ್ ಮುಂದೆ ಜಪಮಾಲೆ ಹಿಡ್ಕೊಂಡು ಮಂಡಿಯೂರಿದ ನನ್‌ಗಳ ಫೋಟೋ ನೋಡಿರ್ತಾರೆ. ಆ ಕತೇಲಿ ಬರೋ ಜನರಲ್ ಫಿಡೆಲ್ ರಾಮೋಸ್ 2022ರ ಜುಲೈ 31ಕ್ಕೆ 94ನೇ ವಯಸ್ಸಲ್ಲಿ ತೀರ್ಕೊಂಡಾಗಲೂ ಎಡ್ಸಾ ಹೀರೋ ಅನ್ನೋ ಮಾತೇ ಮುಂದಿತ್ತು. ನಂಗೆ ಅದು ಸರಿ ಅನ್ಸಲ್ಲ. ಅವರನ್ನ ಹೊಗಳೋಕೆ ಅದಕ್ಕಿಂತ ದೊಡ್ಡ ಕಾರಣ ಇದೆ, ಪ್ರಶ್ನೆ ಕೇಳೋಕೆ ಅದಕ್ಕಿಂತ ಹಳೇ ಕಾರಣ ಇದೆ, ಆ ನಾಲ್ಕು ದಿನ ಎರಡನ್ನೂ ಮುಚ್ಚಿ ಹಾಕ್ಬಿಟ್ಟಿದೆ.

ವೆಸ್ಟ್ ಪಾಯಿಂಟ್‌ನಲ್ಲಿ (ಅಮೆರಿಕದ ಮಿಲಿಟರಿ ಅಕಾಡೆಮಿ) ಓದಿ 1950ರಲ್ಲಿ ಪಾಸಾದೋರು ರಾಮೋಸ್, ಕೊರಿಯಾದಲ್ಲಿ ಯುದ್ಧ ಮಾಡಿದೋರು, ವಿಯೆಟ್ನಾಂಗೂ ಹೋಗಿ ಬಂದೋರು. ಅಪ್ಪ ನಾರ್ಸಿಸೋ ರಾಮೋಸ್ ವಿದೇಶಾಂಗ ಮಂತ್ರಿ, 1967ರಲ್ಲಿ ಆಗ್ನೇಯ ಏಷ್ಯಾ ದೇಶಗಳ ಕೂಟ ಆಸಿಯಾನ್‌ನ ಘೋಷಣೆಗೆ ಸಹಿ ಹಾಕಿದ ಐದು ಜನರಲ್ಲಿ ಒಬ್ರು. ಮಾರ್ಕೋಸ್ ಸಂಬಂಧದಲ್ಲಿ ಸೆಕೆಂಡ್ ಕಸಿನ್ ಆಗ್ಬೇಕು. 1972ರಲ್ಲಿ ಮಾರ್ಕೋಸ್ ಮಾರ್ಷಲ್ ಲಾ, ಅಂದ್ರೆ ಸೇನಾ ಕಾನೂನು, ತಂದಾಗ ಫಿಲಿಪೈನ್ ಕಾನ್‌ಸ್ಟಾಬ್ಯುಲರಿ ಅನ್ನೋ ಪೊಲೀಸ್ ಪಡೆಯ ಚೀಫ್ ಆಗಿದ್ದಿದ್ದು ಇವರೇ. ವಿರೋಧ ಪಕ್ಷದೋರು, ಪತ್ರಕರ್ತರು, ಸ್ಟೂಡೆಂಟ್ಸ್ ಎಲ್ಲರನ್ನೂ ಎತ್ತಾಕೊಂಡು ಹೋದ ಪಡೆಗಳಲ್ಲಿ ಅದೇ ಮುಂದಿತ್ತು. ಆ ಕಾಲದಲ್ಲಿ ಸುಮಾರು 70,000 ಜನ ಜೈಲು ಸೇರಿದ್ರು, 34,000 ಜನ ಚಿತ್ರಹಿಂಸೆ ಅನುಭವಿಸಿದ್ರು ಅಂತ ಮಾನವ ಹಕ್ಕುಗಳ ಸಂಸ್ಥೆ ಆಮ್ನೆಸ್ಟಿಯ ಅಂದಾಜು. ಎಲ್ಲಾ ಇವರೊಬ್ಬರ ತಲೆ ಮೇಲೆ ಹಾಕೋಕಾಗಲ್ಲ, ಸೇನೆ ಇತ್ತು, ಗುಪ್ತಚರ ವಿಭಾಗಗಳಿದ್ವು, ಜನರಲ್ ಫಾಬಿಯನ್ ವೆರ್ ಇದ್ರು, ಎಲ್ಲಕ್ಕಿಂತ ಮೇಲೆ ಮಾರ್ಕೋಸ್ ಇದ್ರು. ಆದ್ರೆ ಚೀಫ್ ಕುರ್ಚೀಲಿ ವರ್ಷಗಟ್ಟಲೆ ಕೂತ ಮೇಲೆ ಅದರ ಜವಾಬ್ದಾರಿನೂ ಹೊರಲೇಬೇಕು.

1986ರ ಫೆಬ್ರವರಿ 22ಕ್ಕೆ ರಕ್ಷಣಾ ಮಂತ್ರಿ ಎನ್ರಿಲೆ ಜೊತೆ ಸೇರಿ ಮಾರ್ಕೋಸ್‌ಗೆ ತಿರುಗಿಬಿದ್ರು. 1981ರಲ್ಲೇ ಇವರನ್ನ ಬಿಟ್ಟು ವೆರ್‌ಗೆ ಸೇನಾ ಮುಖ್ಯಸ್ಥನ ಹುದ್ದೆ ಕೊಟ್ಟಿದ್ರು, ಆ ನೋವು ಇರಲಿಲ್ಲ ಅಂತ ಹೇಳೋಕಾಗಲ್ಲ. ಮನಿಲಾದ ಕ್ಯಾಥೊಲಿಕ್ ಚರ್ಚಿನ ಮುಖ್ಯಸ್ಥ ಕಾರ್ಡಿನಲ್ ಸಿನ್ ರೇಡಿಯೋ ವೆರಿತಾಸ್‌ನಲ್ಲಿ ಕರೆ ಕೊಟ್ರು, ಜನ ಅನ್ನ, ಬ್ರೆಡ್, ನೀರು ಹೊತ್ಕೊಂಡು ಎಡ್ಸಾ ರಸ್ತೆಗೆ ಬಂದು ಕ್ಯಾಂಪ್ ಕ್ರಾಮೆ ಸುತ್ತ ಅಡ್ಡ ನಿಂತ್ರು. ಇಲ್ಲಿ ಒಂದು ಕ್ಷಣ ನಿಲ್ಲಿ. ಆ ಕ್ಯಾಂಪ್ ಕ್ರಾಮೆ ಯಾವ್ದು? ಅದೇ ಕಾನ್‌ಸ್ಟಾಬ್ಯುಲರಿಯ ಹೆಡ್‌ಕ್ವಾರ್ಟರ್ಸ್, ಮಾರ್ಷಲ್ ಲಾ ಕೈದಿಗಳನ್ನ ತಂದು ಕೂಡಿ ಹಾಕ್ತಿದ್ದ ಜಾಗ. ಅದರ ಚೀಫ್‌ನ ಕಾಪಾಡೋಕೆ ಜನ ತಮ್ಮ ಮೈ ಅಡ್ಡ ಕೊಟ್ರು. ನನ್ ಪ್ರಕಾರ ಅಲ್ಲಿ ಹೀರೋಗಳು ಗೇಟಿನ ಹೊರಗಿದ್ರು, ಒಳಗಲ್ಲ.

ರಾಮೋಸ್ ನಿಜವಾಗಿ ದೊಡ್ಡೋರಾಗಿದ್ದು ಆಮೇಲೆ. ಮಾರ್ಕೋಸ್ ಹೋಗಿ ಕೋರಿ ಅಕಿನೋ ಅಧ್ಯಕ್ಷೆಯಾದ ಮೇಲೆ ಮಿಲಿಟರಿಯೋರು ಮತ್ತೆ ಮತ್ತೆ ದಂಗೆ ಎದ್ರು. ಎನ್ರಿಲೆ ಅದೇ ವರ್ಷ ನವೆಂಬರ್‌ನಲ್ಲಿ ಸಂಪುಟದಿಂದ ಹೊರಗೆ ಬಿದ್ರು. 1987ರ ಆಗಸ್ಟ್‌ನಲ್ಲಿ ಕರ್ನಲ್ ಹೊನಾಸನ್ ಕಡೆಯೋರ ಗುಂಡು ಕೋರಿಯ ಮಗ ನೊಯ್‌ನೊಯ್‌ಗೂ ಬಿತ್ತು. ಈ ಹೊನಾಸನ್ ಎಡ್ಸಾದಲ್ಲಿ ರಾಮೋಸ್ ಜೊತೆಗೇ ಇದ್ದ ಹುಡುಗ. 1989ರ ಡಿಸೆಂಬರ್‌ನಲ್ಲಂತೂ ಬಂಡುಕೋರರ ವಿಮಾನಗಳು ಅಧ್ಯಕ್ಷರ ಅರಮನೆ ಮಲಕನ್ಯಾಂಗ್ ಮೇಲೇ ದಾಳಿ ಮಾಡಿದ್ವು, ಕ್ಲಾರ್ಕ್ ನೆಲೆಯಿಂದ ಕೋರಿ ಸರ್ಕಾರದ ಬೆಂಬಲಕ್ಕೆ ಅಮೆರಿಕದ ಫ್ಯಾಂಟಮ್ ಜೆಟ್‌ಗಳು ಹಾರಬೇಕಾಯ್ತು. ಅಷ್ಟೂ ಹೊತ್ತು ಮೊದಲು ಸೇನಾ ಮುಖ್ಯಸ್ಥರಾಗಿ, ಆಮೇಲೆ ರಕ್ಷಣಾ ಮಂತ್ರಿಯಾಗಿ ರಾಮೋಸ್ ಕೋರಿ ಪಕ್ಕ ಬಿಟ್ಟು ಕದಲಲಿಲ್ಲ. ಮನಸ್ಸು ಮಾಡಿದ್ರೆ ಅಧಿಕಾರ ಹಿಡಿಯೋಕೆ ಅವರಿಗಿಂತ ಹತ್ತಿರ ಇದ್ದೋರು ಯಾರೂ ಇರಲಿಲ್ಲ, ಆದ್ರೂ ಹಿಡಿಯಲಿಲ್ಲ, ನಾನು ಅವರಿಗೆ ಕೈ ಮುಗಿಯೋದಾದ್ರೆ ಇದಕ್ಕೆ.

1992ರ ಅಧ್ಯಕ್ಷ ಚುನಾವಣೇಲಿ ಪಕ್ಷದ ಟಿಕೆಟ್ ಸಿಗಲಿಲ್ಲ, ಬೇರೆ ಪಕ್ಷ ಕಟ್ಕೊಂಡು ಏಳು ಜನರ ಸ್ಪರ್ಧೆಯಲ್ಲಿ ಬರೀ 23.58% ವೋಟಲ್ಲಿ ಗೆದ್ರು. ನಾಲ್ಕರಲ್ಲಿ ಮೂರು ಜನ ಬೇಡ ಅಂದಿದ್ರು ಅಂತಲೇ ಲೆಕ್ಕ. ಅದಕ್ಕೇ ಇರಬೇಕು, ಅಲ್ಲಿನ ಸಂಸತ್ತಾದ ಕಾಂಗ್ರೆಸ್‌ನೋರನ್ನ ಕೂರಿಸ್ಕೊಂಡು ಮಾತಾಡಿ ಕೆಲಸ ಮಾಡಿಸ್ಕೊಳ್ಳೋದನ್ನ ಕಲಿತ್ರು. ಜೀವನ ಪೂರ್ತಿ ಕಮ್ಯುನಿಸ್ಟರನ್ನ ಬೇಟೆ ಆಡಿದ ಜನರಲ್, ಅಧ್ಯಕ್ಷರಾದ ವರ್ಷವೇ ಕಮ್ಯುನಿಸ್ಟ್ ಪಕ್ಷದ ಮೇಲಿದ್ದ ನಿಷೇಧದ ಕಾನೂನನ್ನ ರದ್ದು ಮಾಡಿಸಿದ್ರು. ಮನಿಲಾದಲ್ಲಿ ದಿನಕ್ಕೆ ಎಂಟು ಹತ್ತು ಗಂಟೆ ಕರೆಂಟ್ ಇರ್ತಿರಲಿಲ್ಲ, ಲೋಡ್ ಶೆಡ್ಡಿಂಗ್ ಅನುಭವಿಸಿದೋರಿಗೆ ಅದೇನು ಅಂತ ಹೇಳಬೇಕಾಗಿಲ್ಲ, ಖಾಸಗಿ ಕಂಪನಿಗಳಿಗೆ ಕರೆಂಟ್ ಉತ್ಪಾದನೆ ಬಿಟ್ಟುಕೊಟ್ಟು ಅದನ್ನ ಬಗೆಹರಿಸಿದ್ರು (ತಗೊಳ್ಳಲಿ ಬಿಡಲಿ ದುಡ್ಡು ಕೊಡಬೇಕು ಅನ್ನೋ ಒಪ್ಪಂದಗಳಾಗಿದ್ರಿಂದ ಆಮೇಲೆ ಜನರ ಬಿಲ್ ಏರಿದ್ದೂ ನಿಜ). 1996ರ ಸೆಪ್ಟೆಂಬರ್‌ನಲ್ಲಿ ದಕ್ಷಿಣದ ಮಿಂಡನಾವೋ ದ್ವೀಪದ ಮುಸ್ಲಿಂ ಬಂಡುಕೋರರ ನಾಯಕ ನೂರ್ ಮಿಸುವಾರಿ ಜೊತೆ ಶಾಂತಿ ಒಪ್ಪಂದ ಮಾಡ್ಕೊಂಡ್ರು.

ಒಂದು ವಿಷಯದಲ್ಲಿ ಮಾತ್ರ ನಂಗೆ ಕೋಪ ಇದೆ. ದಂಗೆ ಎದ್ದೋರಿಗೆಲ್ಲ ಕ್ಷಮಾದಾನ ಕೊಟ್ರು, ಹೊನಾಸನ್ 1995ರಲ್ಲಿ ಸೆನೆಟರ್ ಆದ. ದಂಗೆ ಎದ್ರೂ ನಷ್ಟ ಇಲ್ಲ ಅಂತ ಕೆಳಗಿನ ಆಫೀಸರ್‌ಗಳಿಗೆ ಹೇಳಿಕೊಟ್ಟ ಹಾಗಾಯ್ತು. 2003ರಲ್ಲಿ ನೌಕಾಪಡೆಯ ಆಫೀಸರ್ ಟ್ರಿಲ್ಯಾನೆಸ್ ದಂಗೆ ಎದ್ದು ಮನಿಲಾ ಪಕ್ಕದ ಮಕಾಟಿಯ ಅಪಾರ್ಟ್‌ಮೆಂಟ್ ಹೋಟೆಲೊಂದನ್ನ ಹಿಡಿದು ಕೂತ, 2007ರಲ್ಲಿ ಜೈಲಲ್ಲಿದ್ದುಕೊಂಡೇ ಸೆನೆಟ್‌ಗೆ ಗೆದ್ದ.

ಕೊನೆಗೆ ರಾಮೋಸ್‌ಗೂ ಕುರ್ಚಿ ಆಸೆ ಬಂತು ಅಂತ ಜನಕ್ಕೆ ಅನ್ನಿಸ್ತು. ಅಲ್ಲಿ ಅಧ್ಯಕ್ಷರಿಗೆ ಆರು ವರ್ಷದ ಒಂದೇ ಅವಧಿ. 1997ರಲ್ಲಿ ಅವರ ಬೆಂಬಲಿಗರು ಸಂವಿಧಾನ ತಿದ್ದೋಕೆ ಸಹಿ ಸಂಗ್ರಹ ಶುರು ಮಾಡಿದ್ರು, ಸುಪ್ರೀಂ ಕೋರ್ಟ್ ತಡೀತು, ಆದ್ರೂ ಮಾತು ನಿಲ್ಲಲಿಲ್ಲ. ಆಗ ಕೋರಿ ಅಕಿನೋ ಮತ್ತು ಕಾರ್ಡಿನಲ್ ಸಿನ್, ಹೌದು ಅದೇ ಇಬ್ರು, ಸೆಪ್ಟೆಂಬರ್ 21ಕ್ಕೆ, ಮಾರ್ಷಲ್ ಲಾಗೆ 25 ವರ್ಷ ತುಂಬಿದ ದಿನ, ಲುನೆಟಾ ಪಾರ್ಕಲ್ಲಿ ಲಕ್ಷಗಟ್ಟಲೆ ಜನ ಸೇರಿಸಿದ್ರು. ತಾನು ಮತ್ತೆ ನಿಲ್ಲಲ್ಲ ಅಂತ ರಾಮೋಸ್ ಹೇಳಿದ್ರು, ಮಾತಿಗೆ ತಪ್ಪಲಿಲ್ಲ. 1998ರಲ್ಲಿ ಅವರ ಕ್ಯಾಂಡಿಡೇಟ್ ಡಿ ವೆನೆಸಿಯಾ ಸೋತ್ರು, ಸಿನಿಮಾ ನಟ ಎಸ್ಟ್ರಾಡಾ ಭರ್ಜರಿಯಾಗಿ ಗೆದ್ರು, ಜೂನ್ 30ಕ್ಕೆ ಮಾಜಿ ಜನರಲ್ ಅಧಿಕಾರ ಒಪ್ಪಿಸಿ ಮನೆಗೆ ಹೋದ್ರು.