ಪಿಯುಸಿ ಪಾಠದಿಂದ ಪ್ರೊಟಿಸ್ಟಾ ಸಾಮ್ರಾಜ್ಯ ತೆಗೀಬೇಕಾ? ಪರ-ವಿರೋಧ

ಪರ: ತೆಗೀರಿ, ಸಾಕು

ಫಸ್ಟ್ ಪಿಯುಸಿ ಬಯಾಲಜಿಯ ಎರಡನೇ ಪಾಠ ಇವತ್ತಿಗೂ ಜೀವವಿಜ್ಞಾನಿ ವಿಟ್ಟೇಕರ್ 1969ರಲ್ಲಿ ಎಲ್ಲ ಜೀವಿಗಳನ್ನ ಹಂಚಿ ಹೇಳಿದ ಐದು ಸಾಮ್ರಾಜ್ಯದ (ಕಿಂಗ್‌ಡಮ್) ಮೇಲೇನೇ ನಿಂತಿದೆ. ಮೊನೆರಾ, ಪ್ರೊಟಿಸ್ಟಾ, ಫಂಜೈ, ಪ್ಲಾಂಟೆ, ಅನಿಮೇಲಿಯಾ ಅಂತ ಮಕ್ಕಳು ಬಾಯಿಪಾಠ ಮಾಡ್ತಾರೆ, ನೀಟ್‌ಗೆ ಬರ್ಕೊಂಡು ಹೋಗ್ತಾರೆ. ಇದ್ರಲ್ಲಿ ಪ್ರೊಟಿಸ್ಟಾಗೆ ತನ್ನದು ಅಂತ ಒಂದು ಲಕ್ಷಣಾನೂ ಇಲ್ಲ. ನ್ಯೂಕ್ಲಿಯಸ್ ಇದೆ, ಹೆಚ್ಚುಕಮ್ಮಿ ಒಂದೇ ಜೀವಕೋಶ, ಪ್ರಾಣಿ ಗಿಡ ಫಂಗಸ್ ಯಾವುದಕ್ಕೂ ಸೇರ್ತಿಲ್ಲ, ಸರಿ ಇಲ್ಲಿ ಹಾಕು. ಇಷ್ಟೇ.

ಅಮೀಬಾನೇ ತಗೊಳ್ಳಿ. ಕೇರಳದಲ್ಲಿ 2024, 2025ರಲ್ಲಿ 'ಮೆದುಳು ತಿನ್ನೋ ಅಮೀಬಾ' ಅಂತ ದಿನಾ ಸುದ್ದಿ ಬರ್ತಿತ್ತಲ್ಲ, ಆ ಹೆಸರು ಮೊದಲು ಅಂಟಿದ್ದು ನೇಗ್ಲೇರಿಯಾ ಫೌಲೇರಿಗೆ. ಅದು ಪಾಠದಲ್ಲಿರೋ ಅಮೀಬಾ ಪ್ರೋಟಿಯಸ್‌ನ ತಮ್ಮನೋ ತಂಗಿನೋ ಅಂದ್ಕೊಂಡಿರ್ತೀವಿ. ನಿಜದಲ್ಲಿ ನೇಗ್ಲೇರಿಯಾಗೆ ಹತ್ತಿರದ ಸಂಬಂಧ ಯೂಗ್ಲೀನಾ ಅನ್ನೋ ಹಸಿರು ಬಣ್ಣದ, ಒಂದೇ ಕೋಶದ ಈಜೋ ಜೀವಿ ಕಡೆ, ಸಂದರ್ಭ ಬಂದ್ರೆ ನೇಗ್ಲೇರಿಯಾ ಎರಡು ಫ್ಲಾಜೆಲ್ಲಾ (ಬಾಲದಂಥ ಎಳೆ) ಬೆಳೆಸ್ಕೊಂಡು ಈಜೋಕೂ ಶುರು ಮಾಡುತ್ತೆ. ಅಮೀಬಾ ಪ್ರೋಟಿಯಸ್ಸು, ಹೊಟ್ಟೆ ಕೆಡಿಸೋ ಎಂಟಮೀಬಾ ಇವೆಲ್ಲ ಅಮೀಬೋಜೋವಾ ಅನ್ನೋ ಬೇರೆ ವಂಶ, ಮತ್ತೆ ಆ ವಂಶ ನೇಗ್ಲೇರಿಯಾಗಿಂತ ನಮಗೆ, ಅಂದ್ರೆ ಮನುಷ್ಯರಿಗೆ, ಅಣಬೆಗೆ ಹತ್ತಿರ! ಚಿಪ್ಪು ಕಟ್ಕೊಳ್ಳೋ ಫೊರಾಮಿನಿಫೆರಾ ಇನ್ನೊಂದೇ ವಂಶ. ಮಿಥ್ಯಪಾದ, ಅಂದ್ರೆ ಕೋಶದ ಮೈಯನ್ನೇ ಕಾಲಿನ ಥರ, ಚಾಚಿ ಹರಿದಾಡೋದು ಬೇರೆ ಬೇರೆ ಕಡೆ ಬಂದಿರೋ ಒಂದು ಬದುಕೋ ರೀತಿ. ಅದನ್ನ 'ಅಮೀಬಾಯ್ಡ್ ಪ್ರೋಟೋಜೋವಾ' ಅಂತ ಒಂದೇ ಗುಂಪು ಮಾಡಿ ಕಲಿಸ್ತಿದೀವಿ.

ಇನ್ನೂ ದೊಡ್ಡ ಎಡವಟ್ಟು ಸ್ಟ್ರಾಮೆನೊಪೈಲ್ ಅನ್ನೋ ವಂಶದ್ದು. ಇದೇ ಒಂದು ವಂಶದ ಡಯಾಟಮ್ (ಗಾಜಿನಂಥ ಗೋಡೆಯ, ಒಂದೇ ಕೋಶದ ಪಾಚಿ) ಪ್ರೊಟಿಸ್ಟಾದಲ್ಲಿ, ಕಂದು ಪಾಚಿ ಸಸ್ಯದಲ್ಲಿ, ಸಾಸಿವೆ ಗಿಡಕ್ಕೆ ರೋಗ ತರೋ ಆಲ್ಬ್ಯೂಗೋ ಫಂಜೈನಲ್ಲಿ. ಒಂದೇ ಮನೆಯವರನ್ನ ಮೂರು ಸಾಮ್ರಾಜ್ಯಕ್ಕೆ ಹಂಚಿದೀವಿ. ಮಲೆನಾಡಿನವರಿಗೆ ಇದು ಪುಸ್ತಕದ ಮಾತಷ್ಟೇ ಅಲ್ಲ, ಯಾಕಂದ್ರೆ ಅಡಿಕೆಗೆ ಕೊಳೆ ರೋಗ ತರೋ ಫೈಟಾಫ್ತೊರಾ ಕೂಡ ಆಲ್ಬ್ಯೂಗೋ ಬಳಗದ್ದೇ. ನೋಡೋಕೆ ಬೂಷ್ಟಿನ ಥರ ಬಿಳಿ ಎಳೆ, ಆದ್ರೆ ಕೋಶದ ಗೋಡೆಯಲ್ಲಿ ಮುಖ್ಯವಾಗಿ ಇರೋದು ಫಂಗಸ್ಸಿನಲ್ಲಿರೋ ಕೈಟಿನ್ ಅಲ್ಲ, ಸೆಲ್ಯುಲೋಸು, ಗ್ಲೂಕಾನು. ಫಂಗಸ್ ತನ್ನ ಕೋಶದ ಪೊರೆಗೆ ಬೇಕಾದ ಎರ್ಗೋಸ್ಟೆರಾಲ್ ಅನ್ನೋ ಸ್ಟೆರಾಲನ್ನ (ಕೊಬ್ಬಿನಂಥ ವಸ್ತು) ತಾನೇ ತಯಾರು ಮಾಡ್ಕೊಳ್ಳುತ್ತೆ, ಇದು ಸ್ಟೆರಾಲ್ ತಯಾರೇ ಮಾಡಲ್ಲ, ಹಾಗಾಗಿ ಆ ತಯಾರಿಕೆಯನ್ನ ನಿಲ್ಲಿಸೋ ಅಜೋಲ್ ಜಾತಿಯ ಔಷಧಿ ಇದರ ಮೇಲೆ ನಡೆಯಲ್ಲ. ಮೆಟಲಾಕ್ಸಿಲ್ ಅನ್ನೋ ಇನ್ನೊಂದು ಔಷಧಿ ಇದಕ್ಕೆ ನಾಟುತ್ತೆ, ನಿಜವಾದ ಫಂಗಸ್‌ಗೆ ನಾಟಲ್ಲ. 'ಫಂಗಸ್ಸಿಗೆ ಏನಾದ್ರೂ ಕೊಡಿ' ಅಂತ ಅಂಗಡಿಗೆ ಹೋದವನಿಗೆ ವಂಶಾವಳಿ ಗೊತ್ತಿದ್ರೆ ದುಡ್ಡು ಉಳಿಯುತ್ತೆ.

ಆಸ್ಪತ್ರೆ ಕಡೆ ಬಂದ್ರೂ ಇದೇ ಕತೆ. ಕಾಯಿಲೆ ತರೋ ಎಂಟಮೀಬಾ ಹಿಸ್ಟೋಲಿಟಿಕಾ, ಏನೂ ಮಾಡದ ಎಂಟಮೀಬಾ ಡಿಸ್ಪಾರ್, ಎರಡರ ಸಿಸ್ಟೂ (ಗಟ್ಟಿ ಗೋಡೆ ಕಟ್ಕೊಂಡ ರೂಪ) ಮೈಕ್ರೋಸ್ಕೋಪಲ್ಲಿ ಒಂದೇ ಥರ. ಇವೆರಡೂ ಬೇರೆ ಅಂತ ಫ್ರಾನ್ಸಿನ ಪರಾವಲಂಬಿ ಜೀವಿಗಳ ತಜ್ಞ ಬ್ರಂಪ್ಟ್ 1925ರಲ್ಲೇ ಹೇಳಿದ್ರು, ಯಾರೂ ಕಿವಿಗೆ ಹಾಕ್ಕೊಳ್ಳಲಿಲ್ಲ, ಅಧಿಕೃತವಾಗಿ ಒಪ್ಪಿದ್ದು 1993ರಲ್ಲಿ. ಅಲ್ಲೀವರೆಗೆ ಎಷ್ಟು ಜನ ಸುಮ್ಸುಮ್ನೆ ಮಾತ್ರೆ ನುಂಗಿರಬೇಕು. ರೂಪ ನೋಡಿ ಹೆಸರಿಡೋ ಅಭ್ಯಾಸವನ್ನ ಹದಿನಾರನೇ ವಯಸ್ಸಿಗೇ ಕಲಿಸಿ ಆಮೇಲೆ ಬಿಡಿಸೋದು ಕಷ್ಟ.

ವಿರೋಧ: ತೆಗೆದು ಏನನ್ನ ಹಾಕ್ತೀರಿ?

ಪರವಾಗಿ ಬರೆದವರ ವಿಜ್ಞಾನದಲ್ಲಿ ತಪ್ಪು ಹುಡುಕೋಕೆ ನಾನು ಬಂದಿಲ್ಲ. ಆಲ್ಬ್ಯೂಗೋನ ಫಂಜೈಯಿಂದ ಎತ್ತಿ ಈಚೆ ಹಾಕಿ ಅನ್ನೋದಕ್ಕೆ ನನ್ನದೂ ಒಂದು ಸಹಿ. ಆದ್ರೆ ಅವರ ಉದಾಹರಣೆಗಳೇ ಅವರ ವಾದಕ್ಕೆ ನಿಲ್ಲಲ್ಲ. ಹಿಸ್ಟೋಲಿಟಿಕಾ-ಡಿಸ್ಪಾರ್ ಎರಡೂ ಒಂದೇ ಎಂಟಮೀಬಾ ಕುಲದ ಎರಡು ಪ್ರಭೇದ, ಅದಕ್ಕೂ ಸಾಮ್ರಾಜ್ಯಕ್ಕೂ ಏನ್ರೀ ಸಂಬಂಧ? ಪ್ರೊಟಿಸ್ಟಾ ಅನ್ನೋ ಹೆಸರೇ ಇಲ್ಲದಿದ್ರೂ ಆ ಗೊಂದಲ ಹಾಗೇ ಇರ್ತಿತ್ತು. ಇನ್ನು ಕೊಳೆ ರೋಗ. ಮೈಸೂರು ಸಂಸ್ಥಾನದಲ್ಲಿ ಕೃಷಿ ವಿಜ್ಞಾನಿ ಕೋಲ್ಮನ್ 1910ರ ಸುಮಾರಿಗೆ ಅದನ್ನ ಅಭ್ಯಾಸ ಮಾಡಿದಾಗ ಎಲ್ಲರೂ ಅದನ್ನ ಫಂಗಸ್ ಅಂತಲೇ ತಿಳಿದಿದ್ರು, ಆದ್ರೂ ಮೈಲುತುತ್ತ ಸುಣ್ಣದ ಬೋರ್ಡೋ ದ್ರಾವಣ ಹೊಡೆಸಿ ಅಡಿಕೆ ಉಳಿಸಿದ್ರು, ಇವತ್ತಿಗೂ ಮಳೆ ಹಿಡಿಯೋ ಮುಂಚೆ ತೋಟದಲ್ಲಿ ಅದನ್ನೇ ಹೊಡೀತೀವಿ. ತಾಮ್ರ ಯಾರ ವಂಶಾವಳೀನೂ ಕೇಳಲ್ಲ.

ನನ್ನ ನಿಜವಾದ ತಕರಾರು ಬೇರೆ. ತೆಗೀರಿ ಅನ್ನೋರು ಬದಲಿಗೆ ಏನು ಕೊಡ್ತಾರೆ ನೋಡಿ. 2005ರಲ್ಲಿ ಪ್ರೊಟಿಸ್ಟ್ ತಜ್ಞರೆಲ್ಲ ಸೇರಿ ಯೂಕ್ಯಾರಿಯೋಟ್‌ಗಳಿಗೆ (ಕೋಶದಲ್ಲಿ ನ್ಯೂಕ್ಲಿಯಸ್ ಇರೋ ಎಲ್ಲ ಜೀವಿಗಳಿಗೆ) ಆರು ಸೂಪರ್‌ಗ್ರೂಪ್, ಅಂದ್ರೆ ಆರು ದೊಡ್ಡ ವಂಶ, ಅಂದ್ರು. 2012ಕ್ಕೆ ಅದರಲ್ಲಿ ಕ್ರೋಮಾಲ್ವಿಯೋಲೇಟಾ ಅನ್ನೋ ಗುಂಪು ಬಿದ್ದುಹೋಯ್ತು, 'ಸಾರ್' (SAR) ಅನ್ನೋ ಹೊಸ ಗುಂಪು ಬಂತು. 2019ರಲ್ಲಿ ಆ ಆರರಲ್ಲಿ ಇನ್ನೊಂದಾದ ಎಕ್ಸ್ಕವೇಟಾನೂ ಹೋಯ್ತು. ತಪ್ಪು ಅಂತ ಹೇಳ್ತಿಲ್ಲ, ಡಿಎನ್‌ಎ ಹೆಚ್ಚುಹೆಚ್ಚು ಸಿಕ್ಕಿದ ಹಾಗೆ ಹಿಂಗೇ ಆಗಬೇಕು, ಆದ್ರೆ ಏಳೆಂಟು ವರ್ಷಕ್ಕೊಂದ್ಸಲ ಬದಲಾಗೋ ಪಟ್ಟಿನ ಮಕ್ಕಳ ತಲೆಗೆ ತುಂಬಿದ್ರೆ ಅವರು ಅದನ್ನೂ ಉರು ಹೊಡೀತಾರೆ ಅಷ್ಟೇ. ಐದು ಹೆಸರಿನ ಬದಲು ಹದಿನೈದು, ಕೋಚಿಂಗ್‌ನವರಿಗೆ ಹಬ್ಬ.

'ಮರ' ಕೂಡ ಒಂದು ವಂಶ ಅಲ್ಲ. ತೆಂಗು ಹುಲ್ಲಿಗೆ ಹತ್ತಿರ, ಮಾವು ಅಲ್ಲೆಲ್ಲೋ ದೂರ, ಆದ್ರೂ ಮರ ಅನ್ನೋದನ್ನ ಯಾರೂ ಬಿಟ್ಟಿಲ್ಲ, ಅರಣ್ಯ ಇಲಾಖೆಗೂ ಅದು ಬೇಕು. ಪ್ರೊಟಿಸ್ಟ್ ಅನ್ನೋದೂ ಹಾಗೇ ಕೆಲಸಕ್ಕೆ ಬರೋ ಗುಂಪು. ಹುಲ್ಲು ನೆನೆಸಿಟ್ಟ ನೀರಿನ ಒಂದು ಹನಿಯಲ್ಲಿ ಹುಡುಗಿಯೊಬ್ಬಳಿಗೆ ಪ್ಯಾರಮೀಸಿಯಂ ಓಡಾಡೋದು ಕಾಣುತ್ತೆ, ಅದೃಷ್ಟ ಇದ್ರೆ ಅಮೀಬಾನೂ. 1755ರಲ್ಲಿ ಜರ್ಮನಿಯ ಚಿತ್ರಕಾರ ರೋಸೆಲ್ ಫಾನ್ ರೋಸೆನ್‌ಹಾಫ್ ಮೊದಲ ಸಲ ಅಮೀಬಾದ ಚಿತ್ರ ಬರೆದಿದ್ದೂ ಹಿಂಗೇ ಕಣ್ಣಲ್ಲಿ ನೋಡಿ. ಜೀನ್ ಸೀಕ್ವೆನ್ಸು ಆ ಹನಿಯಲ್ಲಿ ಕಾಣಲ್ಲ. ಮತ್ತೆ ಪಾಠದಲ್ಲೇ ಈ ಸಾಮ್ರಾಜ್ಯದ ಗಡಿ ಸರಿಯಾಗಿಲ್ಲ ಅಂತ ಒಪ್ಕೊಂಡಿದಾರೆ, ಆ ಸಾಲನ್ನ ಕ್ಲಾಸಲ್ಲಿ ಹಾರಿಸಿ ಹೋಗ್ತಾರಲ್ಲ, ಅಲ್ಲೇ ಎಲ್ಲ ಇರೋದು. ಗಿಡ, ಪ್ರಾಣಿ ಅಂತ ಎರಡೇ ಸಾಮ್ರಾಜ್ಯ ಸಾಲಲ್ಲ ಅಂತ ಜರ್ಮನಿಯ ಜೀವವಿಜ್ಞಾನಿ ಹೆಕೆಲ್ 1866ರಲ್ಲಿ ಪ್ರೊಟಿಸ್ಟಾ ತಂದದ್ದು ಯಾಕೆ, ವಿಟ್ಟೇಕರ್ ಫಂಜೈನ ಬೇರೆ ಮಾಡಿದ್ದು ಯಾಕೆ, ನೇಗ್ಲೇರಿಯಾ ಈಗ ಯೂಗ್ಲೀನಾ ಪಕ್ಕ ಕೂತಿದ್ದು ಯಾಕೆ, ಈ ಮೂರನ್ನ ಎರಡು ಪೀರಿಯಡ್ ಹೇಳಿದ್ರೆ ಹುಡುಗರಿಗೆ ವರ್ಗೀಕರಣ ಅಂದ್ರೆ ಏನು ಅಂತ ಗೊತ್ತಾಗುತ್ತೆ, ಅದಕ್ಕೆ ಪ್ರೊಟಿಸ್ಟಾ ಪುಸ್ತಕದಲ್ಲಿ ಇರಲೇಬೇಕು.

ಬದಲಾಯಿಸೋದಾದ್ರೆ ಪ್ರಶ್ನೆಪತ್ರಿಕೆ ಬದಲಾಯಿಸಿ. 'ಪ್ರೊಟಿಸ್ಟಾದ ಐದು ಗುಂಪು ಹೆಸರಿಸಿ' ಅನ್ನೋದು ಬಿಟ್ಟು, ನೇಗ್ಲೇರಿಯಾನ ಅಮೀಬಾ ಜೊತೆ ಇಡ್ತೀರಾ ಯೂಗ್ಲೀನಾ ಜೊತೆ ಇಡ್ತೀರಾ, ಯಾಕೆ ಅಂತ ಕೇಳಿ, ಎರಡಕ್ಕೂ ಮಾರ್ಕ್ಸ್ ಕೊಡಿ.