ದೊಡ್ಡಮ್ಮನಿಗೆ ಒಂದು ಜೀವ ಬೇಕಂತೆ

ಫೇಸ್‌ಬುಕ್ಕಿನಲ್ಲಿ ಬರುವ ಆಟದ ಆಹ್ವಾನ ನಿಲ್ಲಿಸೋದು ಏನೂ ಕಷ್ಟವಲ್ಲ. ಕಳಿಸುವವರು ನಿಮ್ಮ ದೊಡ್ಡಮ್ಮ ಆಗಿರಬಾರದು, ಅಷ್ಟೇ.

ನಮ್ಮ ದೊಡ್ಡಮ್ಮ ಇರೋದು ತೀರ್ಥಹಳ್ಳಿ ಕಡೆ. ಅಮೆರಿಕದಿಂದ ಬಂದ ಮಗ ಒಂದು ಟ್ಯಾಬ್ಲೆಟ್ ಕೈಗಿಟ್ಟು, "ಇದರಲ್ಲಿ ದಿನಾ ವೀಡಿಯೊ ಕಾಲ್ ಮಾಡಮ್ಮ" ಅಂತ ಹೇಳಿ ವಿಮಾನ ಹತ್ತಿದ. ವೀಡಿಯೊ ಕಾಲ್ ಮಾಡೋದನ್ನು ಅವರು ಇವತ್ತಿಗೂ ಕಲಿತಿಲ್ಲ. ಮಿಠಾಯಿ ಜೋಡಿಸಿ ಜೆಲ್ಲಿ ಒಡೆಯೋ ಕ್ಯಾಂಡಿ ಕ್ರಶ್ ಆಟ ಮಾತ್ರ ಕಲಿತುಬಿಟ್ಟರು.

ಆ ಆಟದ ಲೆಕ್ಕ ಹೀಗಿದೆ. ನಿಮಗೆ 5 ಜೀವ ಇರುತ್ತವೆ. ಒಂದು ಸಲ ಸೋತರೆ ಒಂದು ಜೀವ ಹೋಯಿತು. ಹೋದ ಜೀವ ತಾನಾಗಿ ಬರೋಕೆ 30 ನಿಮಿಷ ಬೇಕು. ಐದೂ ಹೋದರೆ ಪೂರ್ತಿ ತುಂಬೋಕೆ ಎರಡೂವರೆ ಗಂಟೆ. ಅಲ್ಲಿವರೆಗೆ ಕಾಯೋಕೆ ಆಗದವರು ದುಡ್ಡು ಕೊಟ್ಟು ಕೊಳ್ಳಬೇಕು, ಇಲ್ಲಾ ಫ್ರೆಂಡ್ಸ್ ಹತ್ತಿರ ಬೇಡಬೇಕು. ದೊಡ್ಡಮ್ಮ ಕೊತ್ತಂಬರಿ ಸೊಪ್ಪನ್ನೇ ದುಡ್ಡು ಕೊಟ್ಟು ತಂದವರಲ್ಲ. ತರಕಾರಿಯವನ ಹತ್ತಿರ ಅದು ಕೊಸರಿಗೇ ಬರಬೇಕು. ಇನ್ನು ಜೀವಕ್ಕೆ ದುಡ್ಡು ಕೊಡ್ತಾರಾ?

ಮೊದಲ ಸಲ ಅದು ಬಂದದ್ದು ಬೆಳಗಿನ ಜಾವ. ಫೋನ್ ಟಿಣ್ ಅಂದಿತು. ಅರೆಗಣ್ಣಲ್ಲಿ ನೋಡಿದರೆ, ದೊಡ್ಡಮ್ಮ ನನ್ನ ಹತ್ತಿರ ಒಂದು ಜೀವ ಕೇಳಿದ್ದಾರೆ! ವಯಸ್ಸಾದವರು, ಬಿಪಿ ಬೇರೆ ಇದೆ. ಎದ್ದು ಕೂತು, ನಡುಗುವ ಕೈಯಲ್ಲಿ ಫೋನ್ ಮಾಡಿದೆ. "ದೊಡ್ಡಮ್ಮಾ, ಏನಾಯ್ತು?"

"ಏನಿಲ್ವೋ, ಜೆಲ್ಲಿ ಒಡೀತಾ ಇಲ್ಲ."

ಆಮೇಲೆ ಸುರುವಾಯ್ತು ನೋಡಿ. ಒಬ್ಬರು ಬಂದರೆ ಊರೇ ಬರುತ್ತೆ. ಲೂಡೋ ಆಡೋಣ ಬಾ ಅನ್ನುವವನೊಬ್ಬ, ಕೊಲೆ ಕೇಸು ಪತ್ತೆ ಮಾಡೋಣ ಬಾ ಅನ್ನುವವಳೊಬ್ಬಳು. ಸಾಗರದ ಕಡೆಯ ಗೆಳೆಯನೊಬ್ಬ ಫಾರ್ಮ್‌ವಿಲ್ ಅನ್ನೋ ಬೇಸಾಯದ ಆಟದ ಕಾಲದಲ್ಲೇ ನನ್ನ ಪ್ರಾಣ ತಿಂದಿದ್ದ. ಆ ಆಟ ಬಂದದ್ದು 2009ರಲ್ಲಿ. ಇವನ ಊರಲ್ಲಿ ನಿಜವಾದ ಅಡಿಕೆ ತೋಟ ಇದೆ. ಕೊಯ್ಲಿಗೆ ಬಾರೋ ಅಂತ ಅಪ್ಪ ಫೋನ್ ಮಾಡಿದರೆ "ರಜೆ ಇಲ್ಲಪ್ಪ" ಅನ್ನುತ್ತಿದ್ದ. ಇತ್ತ ಬೆಂಗಳೂರಿನ ಬಾಡಿಗೆ ಮನೆಯಲ್ಲಿ, ಬಿತ್ತಿದ 4 ಗಂಟೆಯಲ್ಲಿ ಹಣ್ಣಾಗುವ ಆಟದ ಸ್ಟ್ರಾಬೆರಿಗೆ ಅಲಾರಂ ಇಟ್ಟು ಮಲಗುತ್ತಿದ್ದ. ತಡ ಮಾಡಿದರೆ ಬೆಳೆ ಬಾಡಿಹೋಗುತ್ತಲ್ಲ! ದಾರಿ ತಪ್ಪಿ ಬಂದ ಹಸು ಸಾಕಿಕೋ ಅಂತ ನನಗೂ ಕಳಿಸುತ್ತಿದ್ದ. 2020ರ ಡಿಸೆಂಬರ್ 31ಕ್ಕೆ ಫೇಸ್‌ಬುಕ್ಕಿನ ಆ ಆಟ ಮುಚ್ಚಿತು. ಅವನ ಅಪ್ಪ ಈಗಲೂ ಕೊಯ್ಲಿಗೆ ಜನ ಹುಡುಕುತ್ತಿದ್ದಾರೆ.

ಇವರೆಲ್ಲ ಸರಿ. ನನ್ನ ಕಣ್ಣು ತೆರೆಸಿದವರು ನಮ್ಮ ಮ್ಯಾನೇಜರ್. ಒಂದು ಸೋಮವಾರ ಎರಡು ದಿನ ರಜೆ ಕೇಳೋಕೆ ಹೋದೆ. "ಏನ್ರೀ, ತಲೆ ಎತ್ತೋಕೆ ಪುರುಸೊತ್ತಿಲ್ಲ ಇಲ್ಲಿ, ನಿಮಗೆ ರಜೆ ಬೇಕಾ?" ಅಂತ ರೇಗಿದರು. ನಾನು ಮುಖ ಸಣ್ಣ ಮಾಡಿಕೊಂಡು ಸೀಟಿಗೆ ಬಂದು ಕೂತಿದ್ದೇ ತಡ, ಜೇಬಲ್ಲಿ ಟಿಣ್. ಮ್ಯಾನೇಜರ್ ಒಂದು ಜೀವ ಕೇಳಿದ್ದರು. ಗಾಜಿನ ಕ್ಯಾಬಿನ್ ಕಡೆ ತಿರುಗಿ ನೋಡಿದೆ. ನಿಜ, ತಲೆ ಎತ್ತೋಕೆ ಪುರುಸೊತ್ತಿರಲಿಲ್ಲ. ಬೆರಳು ಮಾತ್ರ ಆಡುತ್ತಿತ್ತು. ಅವರು ಬೇಕು ಅಂತ ನನಗೆ ಕಳಿಸಿರೋದಿಲ್ಲ ಬಿಡಿ. ಆಟ ಒಂದು ಪಟ್ಟಿ ತೋರಿಸುತ್ತೆ, ಇವರು ಆತುರದಲ್ಲಿ ಎಲ್ಲರಿಗೂ ಒತ್ತಿಬಿಡುತ್ತಾರೆ.

ಈ ಗೋಳು ನನ್ನೊಬ್ಬನದೇ ಅಂದುಕೊಂಡಿದ್ದೆ. 2015ರ ಅಕ್ಟೋಬರ್‌ನಲ್ಲಿ ಫೇಸ್‌ಬುಕ್ ಕಟ್ಟಿದ ಮಾರ್ಕ್ ಜುಕರ್‌ಬರ್ಗ್ ದಿಲ್ಲಿಯ ಐಐಟಿಗೆ ಬಂದಿದ್ದರು. ಜಗತ್ತಿನ ಇಷ್ಟು ಜನರನ್ನು ಒಂದೇ ಜಾಗಕ್ಕೆ ತಂದ ಮನುಷ್ಯ. ಎದುರಿಗೆ ದೇಶದ ಬುದ್ಧಿವಂತ ಹುಡುಗ ಹುಡುಗಿಯರು. ಕೇಳಿದ ಪ್ರಶ್ನೆ ಏನು ಗೊತ್ತಾ? ಈ ಕ್ಯಾಂಡಿ ಕ್ರಶ್ ಆಹ್ವಾನ ನಿಲ್ಲಿಸೋದು ಹೇಗೆ ಅಂತ! ಜಾಸ್ತಿ ಓಟು ಬಿದ್ದ ಪ್ರಶ್ನೆಯೇ ಅದು ಅಂತ ಅವರೇ ಹೇಳಿದರು. ಇಲ್ಲಿಗೆ ಬರುವಷ್ಟರಲ್ಲಿ ಇದಕ್ಕೊಂದು ದಾರಿ ಹುಡುಕಿ ಅಂತ ತಮ್ಮವರಿಗೆ ಹೇಳಿದ್ದೇನೆ ಅಂದಾಗ ಸಭೆಯಲ್ಲಿ ಚಪ್ಪಾಳೆಯೋ ಚಪ್ಪಾಳೆ. ಅಲ್ಲಿದ್ದವರಿಗೆಲ್ಲ ಒಬ್ಬೊಬ್ಬ ದೊಡ್ಡಮ್ಮ ಇದ್ದಿರಬೇಕು.

ದಾರಿ ನಮ್ಮ ಕೈಯಲ್ಲೂ ಇದೆ. ಸೆಟ್ಟಿಂಗ್ಸ್ ಒಳಗೆ ಬ್ಲಾಕಿಂಗ್ ಅಂತ ಒಂದು ಮೂಲೆ. ಅಲ್ಲಿ ಆಪ್ ಆಹ್ವಾನ ತಡೆಯೋಕೇ ಒಂದು ಪಟ್ಟಿ ಇಟ್ಟಿದ್ದಾರೆ. ಕಳಿಸುವವರ ಹೆಸರು ಹಾಕಿದರೆ ಸಾಕು, ಅವರ ಆಟದ ಕರೆಗಳು ನಿಮ್ಮ ತನಕ ಬರೋದಿಲ್ಲ. ಅವರು ಫ್ರೆಂಡ್ ಆಗಿಯೇ ಇರುತ್ತಾರೆ, ಶುಭೋದಯದ ಗುಲಾಬಿ ಎಂದಿನಂತೆ ಬರುತ್ತೆ. ನೀವು ತಡೆದಿದ್ದೀರಿ ಅಂತ ಅವರಿಗೆ ಸುದ್ದಿ ಹೋಗೋದಿಲ್ಲ. ನಮ್ಮಂಥ ದಾಕ್ಷಿಣ್ಯದ ಜನಕ್ಕೆ ಇದಕ್ಕಿಂತ ಒಳ್ಳೆ ಏರ್ಪಾಟು ಸಿಗಲಿಕ್ಕಿಲ್ಲ. ದೊಡ್ಡಮ್ಮನ ಹೆಸರು ಹಾಕಿದೆ.

ವಾರ ನೆಮ್ಮದಿ. ಆಮೇಲೆ ದೊಡ್ಡಪ್ಪ ಜೀವ ಕೇಳಿದರು. ದೊಡ್ಡಪ್ಪ ಫೋನನ್ನು ತಲೆಕೆಳಗಾಗಿ ಹಿಡಿದು ಹಲೋ ಅನ್ನುವವರು. ಅವರ ಹೆಸರಲ್ಲಿ ಖಾತೆ ಯಾವಾಗ ತೆರೆಯಿತು, ತೆರೆದವರು ಯಾರು ಅನ್ನೋದಕ್ಕೆ ತನಿಖೆ ಬೇಕಿರಲಿಲ್ಲ. ಅವರನ್ನೂ ಪಟ್ಟಿಗೆ ಸೇರಿಸಿದೆ. ಇನ್ನೂ ನಾಲ್ಕು ತುಂಬದ ಮೊಮ್ಮಗನ ಹೆಸರಲ್ಲಿ ಬಂತು. ಅವನನ್ನೂ ಸೇರಿಸಿದೆ.

ಆಮೇಲಿನದು ಮಾತ್ರ ಇವತ್ತಿಗೂ ಮೈ ಜುಂ ಅನ್ನಿಸುತ್ತೆ. ಮಹಾಲಯ ಅಮಾವಾಸ್ಯೆಯ ರಾತ್ರಿ. ಪಕ್ಷದ ಊಟ ಮುಗಿಸಿ, ವಡೆ ಜಾಸ್ತಿಯಾಗಿ, ನಿದ್ದೆ ಬಾರದೆ ಹೊರಳಾಡುತ್ತಿದ್ದೆ. ಟಿಣ್. ಚಿಕ್ಕಪ್ಪ ಒಂದು ಜೀವ ಕೇಳಿದ್ದರು. ಚಿಕ್ಕಪ್ಪ ತೀರಿಕೊಂಡು ವರ್ಷಾಂತಿಕವೂ ಮುಗಿದಿತ್ತು. ಪರದೆ ಮೇಲೆ ಅದೇ ಫೋಟೊ: ಬೂದು ಬಣ್ಣದ ಕೋಟು, ಬಲಗಡೆಗೆ ಬಾಚಿದ ಕೂದಲು, ಪೇಪರಿನ ಶ್ರದ್ಧಾಂಜಲಿಗೆ ಕೊಟ್ಟಿದ್ದೆವಲ್ಲ, ಅದೇ. ಕೆಳಗೆ ಒಂದು ಪುಟ್ಟ ಕೆಂಪು ಹೃದಯ. ಹೆಂಡತಿಯನ್ನು ಎಬ್ಬಿಸಿದೆ. ಅವಳು ಫೋನ್ ನೋಡಿದಳು, ನನ್ನ ಮುಖ ನೋಡಿದಳು, ಮೆಲ್ಲಗೆ ಕೇಳಿದಳು: "ಪಿಂಡ ಕಾಗೆ ಮುಟ್ಟಿತ್ತು ತಾನೆ?"

ಮುಟ್ಟಿತ್ತು. ನಾನೇ ನೋಡಿದ್ದೆ. ಎರಡು ಕಾಗೆ ಬಂದಿದ್ದವು.

ಬೆಳಗ್ಗೆ ಚಿಕ್ಕಮ್ಮನಿಗೆ ಫೋನ್ ಮಾಡಿದರೆ ಎತ್ತಿದವರು ದೊಡ್ಡಮ್ಮ. ಪಕ್ಷಕ್ಕೆ ಅಂತ ಅಲ್ಲಿಗೆ ಬಂದವರು, ಬೀರುವಿನಲ್ಲಿದ್ದ ಚಿಕ್ಕಪ್ಪನ ಹಳೇ ಫೋನ್ ತೆಗೆಸಿ ಚಾರ್ಜ್ ಮಾಡಿಸಿದ್ದರು. "ಸುಮ್ನೆ ಬಿದ್ದಿತ್ತಲ್ಲೋ. ಅವನ ಆಟದಲ್ಲಿ ಐದಕ್ಕೆ ಐದೂ ಜೀವ ಹಾಗೇ ಉಳಿದಿದ್ವು ಕಣೋ, ಒಂದೂ ಹೋಗಿರ್ಲಿಲ್ಲ" ಅಂದರು. ಅವರ ಗಂಟಲು ಕಟ್ಟಿತ್ತು. ಆ ಐದನ್ನೂ ರಾತ್ರಿಯೇ ಕಳೆದಿದ್ದರಂತೆ. ಅದಕ್ಕೇ ಆರನೆಯದನ್ನು ನನ್ನ ಹತ್ತಿರ ಕೇಳಿದ್ದು.

ತೀರಿಕೊಂಡವರ ಖಾತೆಯನ್ನು ಸ್ಮರಣೆಯ ಖಾತೆಯಾಗಿ ಮಾಡಿ ಅಂತ ಮನೆಯವರು ಫೇಸ್‌ಬುಕ್ಕಿಗೆ ಬರೆದು ಕೇಳಬಹುದು. ಹಾಗೆ ಮಾಡಿದ ಮೇಲೆ ಅದರೊಳಗೆ ಯಾರೂ ಲಾಗಿನ್ ಆಗೋಕೆ ಬರೋದಿಲ್ಲ. ಚಿಕ್ಕಪ್ಪನ ಮಗಳು ಅದನ್ನು ಮಾಡಿಸಿದಳು. ಜೊತೆಗೆ ನನಗೂ ಬುದ್ಧಿ ಹೇಳಿದಳು: "ಒಬ್ಬೊಬ್ಬರನ್ನೇ ಯಾಕೆ ತಡೀತೀಯಾ? ಆಟವನ್ನೇ ಬ್ಲಾಕ್ ಮಾಡು. ಯಾರು ಕಳಿಸಿದರೂ ಬರೋದಿಲ್ಲ."

ಅದು ನನಗೂ ಗೊತ್ತು. ಆದರೆ ಹಾಗೆ ಮಾಡಿದರೆ ಮ್ಯಾನೇಜರ್ ಕರೆಯೂ ನಿಂತುಹೋಗುತ್ತೆ. ಅವರು ಜೀವ ಕೇಳುತ್ತಿದ್ದಾರೆ ಅಂದರೆ ಸೋತು ಕೂತಿದ್ದಾರೆ ಅಂತ ಅರ್ಥ. ಆಗ ಕ್ಯಾಬಿನ್ ಕಡೆ ತಲೆ ಹಾಕಬಾರದು. ಕೇಳದೆ ಎರಡು ದಿನ ಕಳೆದರೆ ಲೆವೆಲ್ ಮೇಲೆ ಲೆವೆಲ್ ದಾಟುತ್ತಿದ್ದಾರೆ, ಅರ್ಜಿ ಹಿಡಿದು ಹೋಗಬಹುದು. ಆ ಆಟದ ಲೆವೆಲ್‌ಗಳು 10,000 ದಾಟಿವೆ. ನಾನು ರಿಟೈರ್ ಆಗೋತನಕ ಚಿಂತೆಯಿಲ್ಲ.

ಈ ಸಲ ದೀಪಾವಳಿಗೆ ನಾಲ್ಕು ದಿನ ರಜೆ ಬೇಕು. ನಿನ್ನೆಯಿಂದ ಅವರದು ಒಂದೇ ಸಮನೆ ಟಿಣ್ ಟಿಣ್. ಯಾವುದೋ ಲೆವೆಲ್‌ನಲ್ಲಿ ಸಿಕ್ಕಿಕೊಂಡಿದ್ದಾರೆ ಪಾಪ. ಜೀವ ಕಳಿಸುತ್ತಾ ಇದ್ದೇನೆ. ಹೆಂಡತಿ, ಭಾವಮೈದುನ, ಇಬ್ಬರ ಕೈಯಲ್ಲೂ ಕಳಿಸಿಸಿದ್ದೇನೆ. ದೊಡ್ಡಮ್ಮನಿಗೂ ಅವರನ್ನು ಫ್ರೆಂಡ್ ಮಾಡಿಕೊಳ್ಳೋಕೆ ಹೇಳಿದ್ದೇನೆ.