ಚೋರಾಬಾರಿಯ ಮಳೆಮಾಪಕ

ಕೇದಾರನಾಥಕ್ಕೆ ಹೋಗಿ ಬಂದವರು ದೇವಸ್ಥಾನದ ಹಿಂಬದಿಯ ಭೀಮಶಿಲೆಯ ಬಗ್ಗೆ ಭಕ್ತಿಯಿಂದ ಮಾತನಾಡುತ್ತಾರೆ. 2013ರ ಪ್ರವಾಹದಲ್ಲಿ ಉರುಳಿ ಬಂದ ಆ ಬಂಡೆ ಗುಡಿಯ ಬೆನ್ನಿಗೆ ನಿಂತು ನೀರನ್ನು ಎರಡು ಕಡೆಗೆ ಸೀಳಿತು ಎಂಬುದನ್ನು ನಾನೂ ಅಲ್ಲಗಳೆಯುವುದಿಲ್ಲ. ಆದರೆ ಅಲ್ಲಿಂದ ಸುಮಾರು ಎರಡು ಕಿಲೋಮೀಟರ್ ಮೇಲೆ ಇದ್ದ ಪುಟ್ಟ ಸರೋವರದ ಬಗ್ಗೆಯಾಗಲಿ, ಅದರ ನೆರೆಯಲ್ಲೇ ಮಳೆ ಅಳೆಯುತ್ತಿದ್ದ ಉಪಕರಣದ ಬಗ್ಗೆಯಾಗಲಿ ಯಾರೂ ವಿಚಾರಿಸಿದ್ದನ್ನು ನಾನು ಕಂಡಿಲ್ಲ.

ಚೋರಾಬಾರಿ ತಾಲ್ ಎಂಬ ಆ ಸರೋವರಕ್ಕೆ, 1948ರಲ್ಲಿ ಗಾಂಧೀಜಿಯವರ ಚಿತಾಭಸ್ಮದ ಒಂದು ಭಾಗವನ್ನು ಅಲ್ಲಿ ವಿಸರ್ಜಿಸಿದ ಮೇಲೆ, ಗಾಂಧಿ ಸರೋವರ ಎಂಬ ಹೆಸರೂ ಬಂತು. ಉದ್ದ ಸುಮಾರು 400 ಮೀಟರ್, ಅಗಲ 200 ಮೀಟರ್, ಆಳ 15ರಿಂದ 20 ಮೀಟರ್. ನಮ್ಮ ಕಡೆಯ ಎಷ್ಟೋ ಊರ ಕೆರೆಗಳು ಇದಕ್ಕಿಂತ ದೊಡ್ಡವು. ಒಂದು ಬದಿಗೆ ಬೆಟ್ಟದ ಇಳಿಜಾರು, ಇನ್ನೊಂದು ಬದಿಗೆ ಚೋರಾಬಾರಿ ಹಿಮನದಿ ಶತಮಾನಗಳಿಂದ ತಂದು ಸುರಿದ ಕಲ್ಲುಮಣ್ಣಿನ ದಿಬ್ಬ. ಕೆರೆಗೆ ಕಟ್ಟೆ ಎಂದರೆ ಆ ದಿಬ್ಬವೇ. ಆನೆ ಗಾತ್ರದ ಬಂಡೆಯೂ ಹಿಟ್ಟಿನಂಥ ಪುಡಿಯೂ ಒಂದರ ಮೇಲೊಂದು ಬಿದ್ದುಕೊಂಡಿರುತ್ತವೆಯೇ ಹೊರತು ಅವನ್ನು ಬಿಗಿಯಾಗಿ ಹಿಡಿದಿಡುವ ಅಂಟು ಯಾವುದೂ ಇರುವುದಿಲ್ಲ. ಕೋಡಿಯೂ ಇರಲಿಲ್ಲ. ಹಿಮ ಕರಗಿದ ನೀರು, ಮಳೆಯ ನೀರು ಎಲ್ಲವೂ ತಳದ ಸಂದುಗಳಲ್ಲಿ ಜಿನುಗಿಯೇ ಹೊರಹೋಗಬೇಕಿತ್ತು.

ಆ ವರ್ಷ ಜೂನ್ ಮಧ್ಯದಲ್ಲೂ ಮೇಲಿನ ಇಳಿಜಾರುಗಳಲ್ಲಿ ಹಿಮ ದಟ್ಟವಾಗಿತ್ತು. ಅದರ ಮೇಲೆ ಮಳೆ ಸುರಿಯಿತು. ಡೆಹ್ರಾಡೂನಿನ ವಾಡಿಯಾ ಹಿಮಾಲಯ ಭೂವಿಜ್ಞಾನ ಸಂಸ್ಥೆಯವರು ಹಿಮನದಿಯ ಅಧ್ಯಯನಕ್ಕೆಂದು ಅಲ್ಲಿ ಇಟ್ಟಿದ್ದ ಮಳೆಮಾಪಕ ಜೂನ್ 15ರ ಸಂಜೆ 5ರಿಂದ ಮರುದಿನ ಸಂಜೆ 5ರವರೆಗೆ 325 ಮಿ.ಮೀ. ದಾಖಲಿಸಿತು. ಜೂನ್ 16ರ ಸಂಜೆಯೇ ಮೊದಲ ಪ್ರವಾಹ ಊರಿಗೆ ನುಗ್ಗಿತು. 17ರ ಬೆಳಿಗ್ಗೆ ಸುಮಾರು 6:45ಕ್ಕೆ ದಿಬ್ಬ ಒಡೆದು, ಸರೋವರ ಐದು ಹತ್ತು ನಿಮಿಷಗಳಲ್ಲಿ ಬರಿದಾಯಿತು. ಕೆಳಗಿದ್ದ ರಾಮ್‌ಬಾಡಾ ಎಂಬ ತಂಗುದಾಣ ಹೇಳಹೆಸರಿಲ್ಲದಂತಾಯಿತು.

ನನ್ನ ತಕರಾರು ಇಷ್ಟೇ. ಆ ಮಳೆ ಯಾರ ಲೆಕ್ಕಕ್ಕೂ ಸಿಗದೆ ಬಂದದ್ದಲ್ಲ. ಅದನ್ನು ಅಳೆಯುವ ಉಪಕರಣ ಸ್ಥಳದಲ್ಲೇ ಇತ್ತು. ಇಲ್ಲದಿದ್ದುದು ಆ ಅಂಕಿಯನ್ನು ಎಚ್ಚರಿಕೆಯ ಗಂಟೆಯಾಗಿ ಮಾರ್ಪಡಿಸಿ ಮಂದಾಕಿನಿಯ ದಂಡೆಯಲ್ಲಿ ಮಲಗಿದ್ದವರಿಗೆ ಕೇಳಿಸುವ ವ್ಯವಸ್ಥೆ. ಮೊದಲ ಪ್ರವಾಹಕ್ಕೂ ಎರಡನೆಯದಕ್ಕೂ ನಡುವೆ ಒಂದು ಇಡೀ ರಾತ್ರಿಯಿತ್ತು ಎಂಬುದನ್ನು ನೆನೆದರೆ, ಇದನ್ನು ಶಿವನ ಕೋಪ ಎಂದು ಕೈತೊಳೆದುಕೊಳ್ಳುವುದು ನನಗೆ ಸಾಧ್ಯವಾಗುವುದಿಲ್ಲ. (ಶಿವನನ್ನು ನಂಬುವವರಿಗಂತೂ ಇದು ಇನ್ನೂ ಕಷ್ಟವಾಗಬೇಕು.)

ಸರೋವರವನ್ನೇ ಖಳನಾಯಕನನ್ನಾಗಿ ಮಾಡುವುದೂ ಸರಿಯಲ್ಲ. ಕೇದಾರನಾಥದ ಊರು ನಿಂತಿರುವುದೇ ಹಿಮನದಿಗಳು ಹರಡಿಹೋದ ಕಲ್ಲುಮಣ್ಣಿನ ಮೇಲೆ, ಮಂದಾಕಿನಿ ಮತ್ತು ಸರಸ್ವತಿ ಎಂಬ ಎರಡು ತೊರೆಗಳ ನಡುವೆ. ಅಂಥ ನೆಲದಲ್ಲಿ ಹೊಳೆ ತನ್ನ ಪಾತ್ರವನ್ನು ಬದಲಿಸುವುದು ಸಹಜ. ಹಳೆಯ ಪಾತ್ರದ ಅಂಚಿಗೆ ವಸತಿಗೃಹ ಕಟ್ಟಿದ್ದು ನಾವು. 2019ರಲ್ಲಿ ಹಿಮನದಿಯ ಮೇಲೆ ಮತ್ತೆ ನೀರು ನಿಂತಿದೆ ಎಂಬ ಸುದ್ದಿ ಹಬ್ಬಿ ಗಾಬರಿಯಾದಾಗ, ಅದು ಹಳೆಯ ಚೋರಾಬಾರಿ ಸರೋವರವಲ್ಲ ಎಂದು ವಾಡಿಯಾ ಸಂಸ್ಥೆಯ ವಿಜ್ಞಾನಿಗಳೇ ಸ್ಪಷ್ಟಪಡಿಸಬೇಕಾಯಿತು. ಗಾಬರಿಯಾಗಲು ನಮಗೆ ವಾಟ್ಸಾಪ್ ಸಾಕು, ಸಮಾಧಾನ ಪಡಲು ವರ್ಷಗಟ್ಟಲೆ ಚಳಿಯಲ್ಲಿ ಕೂತು ಅಳೆದವರು ಬೇಕು.

ಈಗ ಸೋನ್‌ಪ್ರಯಾಗದಿಂದ ಕೇದಾರನಾಥಕ್ಕೆ 12.9 ಕಿ.ಮೀ. ಉದ್ದದ ರೋಪ್‌ವೇಗೆ ಕೇಂದ್ರ ಸಚಿವ ಸಂಪುಟ 2025ರ ಮಾರ್ಚ್‌ನಲ್ಲಿ ಒಪ್ಪಿಗೆ ನೀಡಿದೆ. ದಿನಕ್ಕೆ 18,000 ಜನರನ್ನು ಸಾಗಿಸುವ, ಎಂಟೊಂಬತ್ತು ಗಂಟೆಯ ಹಾದಿಯನ್ನು 36 ನಿಮಿಷಕ್ಕಿಳಿಸುವ ಯೋಜನೆ ಅದು. ಮುದುಕರು, ಕಾಲಿಲ್ಲದವರು ದರ್ಶನ ಪಡೆಯುವುದಕ್ಕೆ ನನ್ನ ವಿರೋಧವಿಲ್ಲ; ಹೇಸರಗತ್ತೆಗಳ ಬೆನ್ನಿನ ಹೊರೆ ಇಳಿದರೂ ಒಳ್ಳೆಯದೇ. ಆದರೆ ಮೇಲಿನ ಕಣಿವೆಯಲ್ಲಿ ಎಷ್ಟು ಮಳೆಯಾದರೆ ಮೇಲಕ್ಕೆ ಹೋಗುವ ತೊಟ್ಟಿಲುಗಳನ್ನು ನಿಲ್ಲಿಸಬೇಕು, ಆ ತೀರ್ಮಾನ ಯಾರದ್ದು, ರಾತ್ರಿ ಊರಿನಲ್ಲಿ ಎಷ್ಟು ಜನ ಉಳಿಯಬಹುದು ಎಂಬ ಮೂರು ಪ್ರಶ್ನೆಗಳಿಗೆ ಉತ್ತರವನ್ನು ಟಿಕೆಟ್ ದರಕ್ಕಿಂತ ಮೊದಲು ಪ್ರಕಟಿಸಬೇಕು ಎಂಬುದು ನನ್ನ ಆಗ್ರಹ.